ಭರತನಾಟ್ಯ ಕಲಿತವರು ಸಿನಿಮಾ ಮಾಡಲು ಎಲ್ಲಿಂದ ಶುರುಮಾಡಬೇಕು?

ನೃತ್ಯದ ವಿದ್ವತ್ ಪರೀಕ್ಷೆ ಮುಗಿದಿದೆ, ನೃತ್ಯದ ಕಿರುಚಿತ್ರ ಮಾಡುವ ಆಸೆಯಿದೆ, ಫಿಲ್ಮ್ ಸ್ಕೂಲಿಗೆ ಸೇರಲೇಬೇಕೇ ಎಂದು ಕೇಳಿದ್ದೀರಿ. ಸೇರದೆಯೂ ಶುರುಮಾಡಬಹುದು. ಲಯಜ್ಞಾನ ನಿಮಗಿದೆ, ಬಿಡಬೇಕಾದದ್ದು ನೋಡುಗರು ಎದುರಿನ ಕುರ್ಚಿಯಲ್ಲೇ ಕೂತಿದ್ದಾರೆ ಎಂಬ ಎಣಿಕೆ. ಲಂಡನ್ನಿನಲ್ಲಿ ಚಿತ್ರಕಲೆ ಓದಿ ನರ್ತಕರಾದ ಉದಯ ಶಂಕರ್, ಮದರಾಸಿನ ಜೆಮಿನಿ ಸ್ಟುಡಿಯೋದಲ್ಲಿ ತೆಗೆದ ‘ಕಲ್ಪನಾ’ (1948) ಚಿತ್ರದಲ್ಲಿ ಆ ಎಣಿಕೆಯನ್ನು ಬಿಟ್ಟರು. ಅದನ್ನು ತಪ್ಪದೆ ನೋಡಿ.

ಮೊದಲ ಪ್ರಯತ್ನಕ್ಕೆ ಇಡೀ ವರ್ಣ (ನೃತ್ತ, ಅಭಿನಯ ಎರಡೂ ಇರುವ ದೀರ್ಘ ನೃತ್ಯಬಂಧ) ಬೇಡ. ಮೂರು ನಿಮಿಷದ ಒಂದು ಸಂಚಾರಿ (ಹಾಡಿನ ಸಾಲನ್ನು ಅಭಿನಯದಲ್ಲಿ ಬೆಳೆಸುವ ಭಾಗ), ಜೊತೆಗೆ ಒಂದು ಜತಿ (ಸೊಲ್ಲುಗಳಿಗೆ ಹೆಜ್ಜೆ ಹಾಕುವ ಭಾಗ) ಸಾಕು.

ಜತಿಗೆ ನೆತ್ತಿಯಿಂದ ಪಾದದವರೆಗೂ ಫ್ರೇಮಿನಲ್ಲಿರಲಿ, ಪಾದದ ಕೆಳಗೆ ಸ್ವಲ್ಪ ನೆಲವೂ ಕಾಣಲಿ. ಕ್ಯಾಮೆರಾವನ್ನು ಸೊಂಟದ ಎತ್ತರಕ್ಕಿಡಿ. ಕಣ್ಣಿನ ಎತ್ತರದಿಂದ ತೆಗೆದರೆ ಅರೆಮಂಡಿ (ಮಂಡಿಯನ್ನು ಹೊರಕ್ಕೆ ಬಗ್ಗಿಸಿದ ನಿಲುವು) ಕುಗ್ಗಿ ಕಾಲು ಗಿಡ್ಡವಾಗುತ್ತದೆ. ಹತ್ತಿರ ನಿಂತು 24 ಎಂಎಂ ಲೆನ್ಸ್ ಹಾಕಿದರೆ ಮುಂದೆ ಚಾಚಿದ ಅಲಪದ್ಮ ಹಸ್ತಮುದ್ರೆ ಮುಖಕ್ಕಿಂತ ದೊಡ್ಡದಾಗುತ್ತದೆ. ಹಿಂದೆ ಸರಿದು 50 ಎಂಎಂ ಬಳಸಿ. ಸೆಕೆಂಡಿಗೆ 25 ಫ್ರೇಮ್, ಶಟರ್ 1/50. ನಮ್ಮ ಕರೆಂಟು 50 ಹರ್ಟ್ಸ್ ಆದ್ದರಿಂದ 1/60 ಇಟ್ಟರೆ ಕೆಲವು ದೀಪಗಳು ಮಿಣುಕುತ್ತವೆ. ಮೂರನೇ ಕಾಲದ ವೇಗದಲ್ಲಿ ಕೈ ಮಸುಕಾದರೆ 1/100ಕ್ಕೆ ಹೋಗಿ.

ಹಾಡು ಮೊದಲೇ ರೆಕಾರ್ಡ್ ಆಗಿರಲಿ, ಮೊದಲಿಗೆ ಅದೇ ಕಾಲಪ್ರಮಾಣದಲ್ಲಿ ಒಂದು ಆವರ್ತ (ಒಂದು ಸುತ್ತು) ತಾಳದ ತಟ್ಟು ಸೇರಿಸಿ. ಅದಿಲ್ಲದಿದ್ದರೆ ಪ್ರತಿ ಟೇಕಿನಲ್ಲೂ ಎಡುಪು (ತಾಳದಲ್ಲಿ ಹಾಡು ಶುರುವಾಗುವ ಜಾಗ) ತಪ್ಪುತ್ತದೆ. ಸೆಟ್ಟಿನಲ್ಲಿ ಸ್ಪೀಕರ್ ಕೂಗುತ್ತಿರುವಾಗ ಗೆಜ್ಜೆಯ ದನಿ ಸಿಗದು. ಕಿವಿಗೆ ಹೆಡ್‌ಫೋನ್ ಹಾಕಿಕೊಂಡು ಕುಣಿದು, ಗೆಜ್ಜೆಯನ್ನಷ್ಟೇ ಬೇರೆ ರೆಕಾರ್ಡ್ ಮಾಡಿ.

ಹೆಚ್ಚು ಕೆಡುವುದು ಅಭಿನಯದ ಕ್ಲೋಸಪ್. ಕೊನೆಯ ಸಾಲಿಗೆ ಮುಟ್ಟಲೆಂದು ಕಲಿತ ಹುಬ್ಬು, ಕಣ್ಣು ಲೆನ್ಸಿನೆದುರು ಕಿರುಚಿದಂತೆ ಕಾಣುತ್ತವೆ. ಅರ್ಧಕ್ಕಿಂತ ಕಡಿಮೆ ಮಾಡಿ, ಮೇಕಪ್ಪನ್ನೂ ತೆಳುಮಾಡಿ. ಅಭಿನಯದಲ್ಲಿ ನೀವು ಮಾತಾಡಿಸುವ ಕಾಲ್ಪನಿಕ ಸಖಿ ನಿಂತ ಜಾಗಕ್ಕೆ ಲೆನ್ಸಿನ ಪಕ್ಕ ಒಂದಡಿ ದೂರದಲ್ಲಿ ಟೇಪಿನ ಗುರುತು ಅಂಟಿಸಿ. ಪ್ರತಿ ಟೇಕಿನಲ್ಲೂ ದೃಷ್ಟಿ ಬೇರೆ ಕಡೆ ಹೋದರೆ, ಕತ್ತರಿಸಿ ಜೋಡಿಸಿದಾಗ ಸಖಿಯೇ ಓಡಾಡಿದಂತಾಗುತ್ತದೆ.

ನನ್ನ ಪ್ರಕಾರ ನಿರ್ದೇಶನಕ್ಕಿಂತ ಮೊದಲು ಸಂಕಲನ ಕಲಿಯಿರಿ. ಸಂಕಲನದ ತಂತ್ರಾಂಶ ಡಾವಿಂಚಿ ರಿಸಾಲ್ವ್‌ನ ಉಚಿತ ಆವೃತ್ತಿಯೇ ಸಾಕು. ನರ್ತಕರ ಕೈ ತಾನಾಗಿ ಪ್ರತಿ ಸಮದಲ್ಲೂ (ತಾಳದ ಸುತ್ತಿನ ಮೊದಲ ಪೆಟ್ಟಿನಲ್ಲೂ) ಕತ್ತರಿಸಲು ಹೋಗುತ್ತದೆ. ಆಗ ಜತಿಯನ್ನು ಮುಗಿಸುವ ಮುಕ್ತಾಯದ ಕೊನೆಯ ಹೊಡೆತಕ್ಕೆ ಬೆಲೆಯೇ ಉಳಿಯುವುದಿಲ್ಲ. ಕೈ ಇನ್ನೂ ಚಲಿಸುತ್ತಿರುವಾಗ ಕತ್ತರಿಸಿ, ನಿಲುವು ಬಂದಮೇಲೆ ಆ ಶಾಟನ್ನು ಉಸಿರಾಡಲು ಬಿಡಿ. ಬಲಕ್ಕೆ ಮಾಡಿದ ಅಡವನ್ನು (ನೃತ್ತದ ಮೂಲ ಹೆಜ್ಜೆಯನ್ನು) ಮುಂದಿನಿಂದ, ಎಡಕ್ಕೆ ಮಾಡಿದ್ದನ್ನು ಹಿಂದಿನಿಂದ ತೋರಿಸಬೇಡಿ: ಪರದೆಯ ಮೇಲೆ ಎರಡೂ ಒಂದೇ ಪಕ್ಕಕ್ಕೆ ಬರುತ್ತವೆ, ಅದೇ ಅಡವು ಮರುಕಳಿಸಿದಂತೆ ಕಾಣುತ್ತದೆ.

ಹಾಡುಗಾರರು, ನಟುವಾಂಗದವರು (ತಾಳ ಹಿಡಿದು ಸೊಲ್ಲು ಹೇಳುವವರು), ವಾದ್ಯದವರಿಂದ ಶೂಟಿಂಗಿಗೆ ಮೊದಲೇ ಲಿಖಿತ ಒಪ್ಪಿಗೆ ಪಡೆಯಿರಿ. ಚಿತ್ರೋತ್ಸವಕ್ಕೆ ಕಳಿಸುವಾಗ ಅದನ್ನು ಕೇಳಬಹುದು.