ಲೆನಾರ್ಡ್ ರೆಟೆಲ್ ಹೆಲ್ಮ್‌ರಿಚ್ ಅವರ ಸಾಕ್ಷ್ಯಚಿತ್ರಗಳಲ್ಲಿ ನಿರೂಪಣೆಯಿಲ್ಲದಿದ್ದರೂ ಕಥೆ ಹೇಗೆ ಅರ್ಥವಾಗುತ್ತದೆ?

ನಿರೂಪಕರು ಹೇಳಬೇಕಾದುದನ್ನು ಅಲ್ಲಿ ಕ್ಯಾಮೆರಾದ ಚಲನೆಯೇ ಹೇಳುತ್ತದೆ. ನೆದರ್ಲೆಂಡ್ಸ್‌ನ ಈ ನಿರ್ದೇಶಕರು (1959–2023) ಇಂಡೋನೇಷ್ಯಾದ ಒಂದೇ ಕುಟುಂಬವನ್ನು ವರ್ಷಗಟ್ಟಲೆ ಹಿಂಬಾಲಿಸಿ ಮೂರು ಚಿತ್ರಗಳನ್ನು ಮಾಡಿದರು. ದೂರ ನಿಂತು ಚಿತ್ರೀಕರಿಸುವ ಬದಲು, ಹಗುರವಾದ ಕ್ಯಾಮೆರಾ ಹಿಡಿದು ಜನರ ನಡುವೆಯೇ ಸುತ್ತುತ್ತ, ಮಾತನಾಡುವವರಿಂದ ಕೇಳುವವರ ಮುಖಕ್ಕೆ ದೃಶ್ಯವನ್ನು ತುಂಡರಿಸದೆ ಸಾಗುವ ಈ ವಿಧಾನವನ್ನು ಅವರು ‘ಸಿಂಗಲ್ ಶಾಟ್ ಸಿನಿಮಾ’ ಎಂದು ಕರೆದರು. ಮಾತು ಮತ್ತು ಅದಕ್ಕೆ ಬಂದ ಪ್ರತಿಕ್ರಿಯೆ ಒಂದೇ ಓಟದಲ್ಲಿ ಕಾಣುವುದರಿಂದ, ಮನೆಯವರ ಮನಸ್ತಾಪವೂ ಅಕ್ಕರೆಯೂ ವಿವರಣೆಯಿಲ್ಲದೆ ತಿಳಿಯುತ್ತವೆ.

ಇದಕ್ಕೆ ಅತ್ಯುತ್ತಮ ನಿದರ್ಶನವೆಂದು ನಾನು ಭಾವಿಸುವುದು, 2005ರಲ್ಲಿ ಸನ್‌ಡಾನ್ಸ್ ಚಿತ್ರೋತ್ಸವದ ಪ್ರಶಸ್ತಿ ಪಡೆದ ಎರಡನೆಯ ಚಿತ್ರದ ರೈಲು ಸೇತುವೆಯ ದೃಶ್ಯ: ಒಬ್ಬಾತ ಎತ್ತರದ ಸೇತುವೆಯನ್ನು ನಡೆದು ದಾಟುವಾಗ, ಬಿದಿರಿನ ಗಳುವಿಗೆ ಕಟ್ಟಿದ ಕ್ಯಾಮೆರಾ ಅವನ ಪಕ್ಕದಲ್ಲೇ ಗಾಳಿಯಲ್ಲಿ ಸಾಗಿ, ಕಾಲಡಿಯ ಆಳವನ್ನು ನಮಗೂ ಅನುಭವಕ್ಕೆ ತರುತ್ತದೆ.