ತಡ ಯಾಕಾಯಿತು ಅಂದರೆ

ಇಷ್ಟು ದಿನ ಸುಮ್ನಿದ್ದು, ಕಲ್ಲಿನ ಕೋರೆ ಶುರುವಾದ ಮೇಲೆ ಯಾಕೆ ಕೋರ್ಟಿಗೆ ಹೋದಿರಿ ಅಂತ ಕೇಳಿದ್ದೀರಿ. ಕಾಸರಗೋಡಿನ ನಮ್ಮ ಕಡೆ ಹೇಗೆ ನಡೆಯುತ್ತದೆ ಅಂತ ಹೇಳುತ್ತೇನೆ.

ನಮ್ಮ ಮನೆಗೆ ನೀರು ಸುರಂಗದ್ದು. ಗುಡ್ಡೆಯ ಹೊಟ್ಟೆಗೆ ಅಡ್ಡಕ್ಕೆ ಕೊರೆದ ಬಾವಿ ಅಂದುಕೊಳ್ಳಿ. ಒಬ್ಬ ಬಗ್ಗಿ ಹೋಗುವಷ್ಟು ಜಾಗ, ನೀರು ತಾನಾಗಿ ಹರಿದು ಬರುತ್ತದೆ, ಪಂಪು ಬೇಡ. ಅಡಿಕೆ ತೋಟಕ್ಕೂ ಅದೇ. ಮೇಲೆ ಬಂಡೆ ಒಡೆಯಲು ಶುರುವಾದ ವಾರದಲ್ಲೇ ದೊಡ್ಡಮ್ಮ ಕೊಡಪಾನ ತಂದು ತೋರಿಸಿದರು, ತಳದಲ್ಲಿ ಕೆಂಪು ಮಣ್ಣು ಕೂತಿತ್ತು. ಕೋರೆಗೆ ಅನುಮತಿ ಸಿಕ್ಕಿದೆ ಅಂತ ನಮಗೆ ಗೊತ್ತಾದದ್ದೇ ಹಾಗೆ. ಆ ಕಾಗದಕ್ಕೆ ಆಗಲೇ ಏಳು ತಿಂಗಳಾಗಿತ್ತು.

ಪ್ರಕಟಣೆ ಇರಲಿಲ್ಲವಾ ಅಂದರೆ, ಇತ್ತು. ಪರಿಸರ ಅನುಮತಿ ಸಿಕ್ಕಿದರೆ ಎರಡು ಪತ್ರಿಕೆಯಲ್ಲಿ ಹಾಕಬೇಕು, ಅದರಲ್ಲಿ ಒಂದು ಸ್ಥಳೀಯ ಭಾಷೆಯದ್ದಾಗಿರಬೇಕು, ಪಂಚಾಯತಿನಲ್ಲಿ 30 ದಿನ ಅಂಟಿಸಬೇಕು. ಸ್ಥಳೀಯ ಭಾಷೆ ಅಂತ ಹಾಕಿದ್ದು ಮಲಯಾಳಂನಲ್ಲಿ. ನಮ್ಮ ಮನೆಯಲ್ಲಿ ಮಾತು ತುಳು, ಓದುವುದು ಕನ್ನಡ ಪೇಪರ್.

ಕಾನೂನಿನ ಲೆಕ್ಕ ಕಾಯುವುದಿಲ್ಲ. ಪರಿಸರದ ಕೇಸುಗಳನ್ನು ಕೇಳುವ ರಾಷ್ಟ್ರೀಯ ಹಸಿರು ನ್ಯಾಯಮಂಡಳಿಗೆ ಮೇಲ್ಮನವಿ ಹಾಕಲು 30 ದಿನ, ಸರಿಯಾದ ಕಾರಣ ಇದ್ದರೆ ಇನ್ನೂ 60. ಅದು ದಾಟಿದರೆ ಕಾರಣ ಎಷ್ಟೇ ಗಟ್ಟಿ ಇದ್ದರೂ ಮಂಡಳಿಗೆ ಮನ್ನಿಸುವ ಅಧಿಕಾರವೇ ಇಲ್ಲ. ಜಾಹೀರಾತು ಬಂದ ದಿನದಿಂದ ಎಣಿಸಿದರೆ ನಮ್ಮ 90 ದಿನ ಎಂದೋ ಮುಗಿದಿತ್ತು, ಹಾಗಾಗಿ ಎರ್ನಾಕುಳಂಗೆ, ಹೈಕೋರ್ಟಿಗೆ ಹೋದೆವು. ಅಲ್ಲಿ ಇಷ್ಟೇ ದಿನ ಅಂತ ಗೆರೆ ಇಲ್ಲ, ಆದರೆ ತಡಕ್ಕೆ ಕಾರಣ ಹೇಳದಿದ್ದರೆ ಬಾಗಿಲಲ್ಲೇ ವಾಪಸ್. ನರ್ಮದಾ ನದಿಯ ಸರ್ದಾರ್ ಸರೋವರ ಅಣೆಕಟ್ಟಿನ ಕೇಸಿನಲ್ಲೂ ಹಾಗೇ ಆಯಿತು: ಪರಿಸರ ಅನುಮತಿ 1987ರದ್ದು, ಅದನ್ನು ವಿರೋಧಿಸಿದ ನರ್ಮದಾ ಬಚಾವೋ ಆಂದೋಲನದವರು ಸುಪ್ರೀಂ ಕೋರ್ಟಿಗೆ ಹೋದದ್ದು 1994ರಲ್ಲಿ, 2000ದ ಬಹುಮತದ ತೀರ್ಪಿನಲ್ಲಿ ಈ ತಡವನ್ನೇ ಅವರ ಮೇಲೆ ಹೊರಿಸಲಾಯಿತು. ಅನುಮತಿ ನಂಬಿ ಸಾಲ ಮಾಡಿ ಮೆಷಿನ್ ತಂದವನಿಗೂ ನ್ಯಾಯ ಬೇಕು, ಅದನ್ನು ನಾನು ಒಪ್ಪುತ್ತೇನೆ. ಆದರೆ ಓದಲು ಬಾರದ ಕಾಗದವನ್ನು ಗೋಡೆಗೆ ಅಂಟಿಸಿ, ನಿಮಗೆ ತಿಳಿಸಿಯಾಯಿತು ಅಂದರೆ ಹೇಗೆ?

ಕೇರಳದ 1969ರ ಭಾಷಾ ಕಾನೂನಿನ ಪ್ರಕಾರ ಇಲ್ಲಿ ನಾವು ಕನ್ನಡದಲ್ಲಿ ಬರೆದರೆ ಕನ್ನಡದಲ್ಲೇ ಉತ್ತರ ಕೊಡಬೇಕು. ಆದೇಶದ ಪ್ರತಿ ಕೇಳಿ ಕನ್ನಡದಲ್ಲೇ ಬರೆದೆವು. ಬಂದದ್ದು ಮಲಯಾಳಂನಲ್ಲಿ, ಅದೂ ತಿಂಗಳು ಕಳೆದು. ಅದನ್ನು ಓದಿಸಿ, ಬರೆಸಿ, ವಕೀಲರ ಖರ್ಚಿಗೆ ಎಂಟು ಮನೆಯವರು ಸೇರಿ ದುಡ್ಡು ಒಟ್ಟು ಮಾಡುವಾಗ ಮತ್ತೆ ಒಂದೂವರೆ ತಿಂಗಳು.

ವಕೀಲರು ಒಂದೊಂದು ತಾರೀಕನ್ನೂ ಕೇಳಿದರು. ಕನ್ನಡ ಅರ್ಜಿ ಕೊಟ್ಟಾಗ ಸೀಲು ಹಾಕಿಸಿಕೊಂಡ ರಶೀದಿ ಜೋಪಾನವಾಗಿತ್ತು, ನೀವೂ ಇಲ್ಲಿ ಜಾಗ ತಗೊಂಡರೆ ಆ ಸೀಲನ್ನು ಮಾತ್ರ ಬಿಡಬೇಡಿ. ನೀರು ಕೆಂಪಾದ ದಿನಕ್ಕೆ ಇದ್ದದ್ದು ದೊಡ್ಡಮ್ಮನ ಅಡಿಗೆಮನೆಯ ಕ್ಯಾಲೆಂಡರ್. ಹಾಲಿನ ಲೆಕ್ಕದ ಪಕ್ಕ ಪೆನ್ಸಿಲಿನಲ್ಲಿ 'ಸುರಂಗದ ನೀರು ಕೆಸರು' ಅಂತ ಬರೆದಿದ್ದರು. ಆ ಹಾಳೆಯನ್ನೇ ಹರಿದು ಅರ್ಜಿಯ ಜೊತೆ ಇಟ್ಟಿದ್ದೇವೆ.