ಕುಸಿದ ಸೇತುವೆ ಚಿತ್ರದಲ್ಲಿ ಇರಬಹುದೇ?

ಪ್ರಶ್ನೆ: ಕೆನಡಾದಲ್ಲಿ ನೆಲೆಸಿರುವ ನನ್ನ ತಮ್ಮ ಚಿತ್ರಕಲಾವಿದ. 2024ರ ಆಗಸ್ಟ್‌ನಲ್ಲಿ ಕುಸಿದ ಕಾಳಿ ನದಿಯ ಹಳೆಯ ಸೇತುವೆಯನ್ನು ಅವನು ಈಗಲೂ ಇಡಿಯಾಗಿಯೇ ಬಿಡಿಸುತ್ತಾನೆ. ಇದು ಬರೀ ಊರಿನ ಹಂಬಲವಲ್ಲವೇ?
– ಓದುಗರೊಬ್ಬರು, ಕೋಡಿಬಾಗ, ಕಾರವಾರ

ಉತ್ತರ: ಹಂಬಲವಿದ್ದರೆ ತಪ್ಪೇನೂ ಇಲ್ಲ, ಅದಷ್ಟೇ ಇದ್ದರೆ ಚಿತ್ರವು ಕ್ಯಾಲೆಂಡರಿನ ಮಟ್ಟದಲ್ಲಿ ನಿಂತುಬಿಡುತ್ತದೆ. 1937ರಲ್ಲಿ ಅಲಿಗಢದಲ್ಲಿ ಹುಟ್ಟಿ, ಹಲವು ದೇಶಗಳಲ್ಲಿ ಬದುಕಿ, ನ್ಯೂಯಾರ್ಕಿನಲ್ಲಿ ದೀರ್ಘಕಾಲ ನೆಲೆಸಿದ್ದ ಕಲಾವಿದೆ ಝರೀನಾ ಹಾಶ್ಮಿಯವರು 1999ರಲ್ಲಿ 36 ಮರದಚ್ಚಿನ ಚಿತ್ರಗಳಲ್ಲಿ ಮನೆಯನ್ನು ನೆನೆದಾಗ, ಹೊಸ್ತಿಲು, ಅಂಗಳಗಳನ್ನು ಕೆಲವೇ ಕಪ್ಪು ಗೆರೆಗಳಿಗೆ ಇಳಿಸಿದರು. ಏನನ್ನು ಕೈಬಿಡಬೇಕೆಂದು ಅವರಿಗೆ ಚೆನ್ನಾಗಿ ಗೊತ್ತಿತ್ತು.

ಅಷ್ಟು ದೂರವೇಕೆ, ನಮ್ಮ ಯಲ್ಲಾಪುರ, ಹಳಿಯಾಳದ ಕಡೆಯ ಸಿದ್ದಿ ಮಹಿಳೆಯರ ಕೌದಿಯನ್ನೇ ನೋಡಿ. ಆಫ್ರಿಕಾ ಮೂಲದ ಈ ಸಮುದಾಯದ ಹೆಂಗಸರು ಮನೆಯವರು ಉಟ್ಟು ಬಿಟ್ಟ ಬಟ್ಟೆಯ ತುಂಡುಗಳನ್ನು ಅಂಚಿನಿಂದ ಆರಂಭಿಸಿ, ಸುತ್ತುತ್ತಾ ನಡುವಿಗೆ ಬರುವಂತೆ ಹೊಲಿಯುತ್ತಾರೆ. ಯಾವ ತುಂಡು ಯಾರದೆಂಬ ನೆನಪು ಉಳಿದರೂ ಆಗುವುದು ಹೊಸ ಹೊದಿಕೆಯೇ.

ನಿಮ್ಮ ತಮ್ಮ ಸೇತುವೆಯನ್ನು ಇಡಿಯಾಗಿಯೇ ಬಿಡಿಸಲಿ. ಆದರೆ ಅದು ಕುಸಿದದ್ದು ತನಗೆ ದೂರದಿಂದ ಬಂದ ಸುದ್ದಿಯಾಗಿ ಮಾತ್ರ ತಲುಪಿತೆಂಬ ಸಂಗತಿಯೂ ಚಿತ್ರದೊಳಗೆ ಬರಲಿ. ಸೇತುವೆಯ ಪಕ್ಕದ ಸದಾಶಿವಗಡದ ಗುಡ್ಡವನ್ನು ಬಿಡಿಸುವುದಕ್ಕಿಂತ ಇದು ಕಷ್ಟದ ಕೆಲಸ.